ಎರಡೂ ಕಣ್ಣು ಸರಿ ಇದೆ ಅಂತಾರೆ, ಆದ್ರೆ ದೊಡ್ಡಪ್ಪನಿಗೆ ಎಡಗಡೆ ಕಾಣಲ್ಲ. ಇದು ಹೇಗೆ ಸಾಧ್ಯ?

ತೋಟದ_ಮನೆ (ಮೂಡಿಗೆರೆ)

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ನಮ್ಮ ದೊಡ್ಡಪ್ಪನಿಗೆ ಶ್ರಾವಣದಲ್ಲಿ ಸ್ಟ್ರೋಕ್ ಆಯಿತು. ಬಾಯಿ ಸೊಟ್ಟ ಆಗಲಿಲ್ಲ, ಕೈಕಾಲು ಬೀಳಲಿಲ್ಲ, ಮಾತೂ ತೊದಲಲಿಲ್ಲ. ತಲೆನೋವು, ಕಣ್ಣು ಒಂಥರಾ ಇದೆ ಅಂದರು ಅಷ್ಟೇ. ಪಿತ್ತ ಇರಬೇಕು ಅಂತ ನಿಂಬೆಹಣ್ಣಿನ ಪಾನಕ ಕುಡಿದು ಮಲಗಿದರು. ಆಮೇಲೆ ಸ್ಕ್ಯಾನ್ ಮಾಡಿಸಿದಾಗ ಮೆದುಳಿನ ಹಿಂಭಾಗದಲ್ಲಿ, ಬಲಗಡೆ, ರಕ್ತ ಹೋಗದೆ ಒಂದಷ್ಟು ಜಾಗ ಹಾಳಾಗಿದೆ ಅಂತ ಗೊತ್ತಾಯಿತು. ಈಗ ಮಾತ್ರೆ ನಡೀತಾ ಇದೆ. ಓಡಾಡಿಕೊಂಡಿದ್ದಾರೆ, ಆಳುಗಳ ಲೆಕ್ಕ ಎಲ್ಲ ಮೊದಲಿನ ಹಾಗೆ ಬಾಯಲ್ಲೇ ಹೇಳುತ್ತಾರೆ.

ವಿಷಯ ಗೊತ್ತಾಗಿದ್ದು ಕಾಫಿ ಕೊಯ್ಲು ಶುರುವಾದ ಮೇಲೆ. ಅರೇಬಿಕಾ ಗಿಡದ ಮುಂದೆ ನಿಂತು ಬಲಗಡೆ ರೆಂಬೆಗಳ ಹಣ್ಣನ್ನೆಲ್ಲ ನೀಟಾಗಿ ಬಿಡಿಸಿ ಮುಂದಿನ ಗಿಡಕ್ಕೆ ಹೋಗಿಬಿಡುತ್ತಾರೆ. ಎಡಗಡೆ ರೆಂಬೆಯಲ್ಲಿ ಕೆಂಪಗೆ ಹಣ್ಣು ಹಾಗೇ ಇರುತ್ತೆ. ಕೆಲಸದವರು ಮೊದಲು ನಕ್ಕರು, ಆಮೇಲೆ ಸುಮ್ಮನಾದರು. ಮೊನ್ನೆ ಒಂದು ಊಟದಲ್ಲಿ ಎಲೆಯ ಎಡತುದಿಗೆ ಉಪ್ಪು ಬಡಿಸಿದ್ದರು. ಇವರು "ಉಪ್ಪೇ ಹಾಕಿಲ್ವಲ್ಲಪ್ಪ" ಅಂತ ಬಡಿಸುವವರ ಮೇಲೆ ರೇಗಿದರು. ಬಾಗಿಲಿನ ಎಡ ಚೌಕಟ್ಟಿಗೆ ಭುಜ ತಾಗಿಸಿಕೊಳ್ಳೋದಂತೂ ದಿನಾ ಇದ್ದಿದ್ದೇ.

ಕಣ್ಣಿನ ಡಾಕ್ಟರು ನೋಡಿ ಎರಡೂ ಕಣ್ಣು ಚೆನ್ನಾಗಿದೆ, ಪೊರೆಯೂ ಇಲ್ಲ ಅಂದರು. ಅದಕ್ಕೂ ಮುಂಚೆ ಒಂದು ಕನ್ನಡಕದ ಅಂಗಡಿಯವರು ನಂಬರ್ ಬದಲಾಗಿದೆ ಅಂತ ಹೊಸ ಕನ್ನಡಕ ಕೊಟ್ಟಿದ್ದರು. ದುಡ್ಡು ಹೋಯಿತು, ಎಡಗಡೆ ಮಾತ್ರ ಬರಲಿಲ್ಲ.

ನನ್ನ ತಲೆಗೆ ಹೋಗದೇ ಇರೋದು ಇಷ್ಟು. ಕಣ್ಣು ಸರಿ ಇದ್ದ ಮೇಲೆ ಕಾಣದೇ ಇರೋದು ಹೇಗೆ? ಮತ್ತೆ "ಎಡಗಡೆ ಕತ್ತಲೆ ಇದೆಯಾ ದೊಡ್ಡಪ್ಪ" ಅಂತ ಕೇಳಿದರೆ "ಕತ್ತಲೆ ಯಾಕೋ ಇರುತ್ತೆ, ನಂಗೆ ಎಲ್ಲ ಕಾಣುತ್ತೆ" ಅಂತ ನನಗೇ ಬೈತಾರೆ.

ಗುಡ್ಡದ_ಗಾಳಿ (ಕೊಪ್ಪ)

ಎಡಗಣ್ಣಿಗೆ ಗ್ಲುಕೋಮಾ ಇರಬೇಕು ನೋಡಿ. ನಮ್ಮ ಮಾವನಿಗೂ ಹೀಗೇ ಆಗಿತ್ತು. ಕಣ್ಣಿನ ಪ್ರೆಶರ್ ಚೆಕ್ ಮಾಡಿಸಿ.

ತೋಟದ_ಮನೆ

ಮಾಡಿಸಿದೆವು ಅಣ್ಣ, ಪ್ರೆಶರ್ ನಾರ್ಮಲ್. ಇನ್ನೊಂದು ವಿಚಿತ್ರ ಅಂದ್ರೆ ಎಡಗಣ್ಣು ಪೂರ್ತಿ ಮುಚ್ಚಿಸಿ ಬಲಗಣ್ಣಲ್ಲೇ ನೋಡಿಸಿದರೂ ಎಡಗಡೆ ಕಾಣಲ್ಲ. ಬಲಗಣ್ಣು ಮುಚ್ಚಿದರೂ ಅಷ್ಟೇ.

ಕನ್ನಡಕ_ಹಾಸನ

ನಾನು ಹಾಸನದಲ್ಲಿ ಆಪ್ಟೊಮೆಟ್ರಿಸ್ಟ್. ನೀವು ಈಗ ಬರೆದ ಎರಡು ಸಾಲಲ್ಲೇ ಉತ್ತರ ಇದೆ. ಒಂದೊಂದೇ ಕಣ್ಣು ಮುಚ್ಚಿದರೂ ಎಡಗಡೆಯೇ ಹೋಗುತ್ತೆ ಅಂದರೆ ತೊಂದರೆ ಕಣ್ಣಿನಲ್ಲಿಲ್ಲ, ಎರಡೂ ಕಣ್ಣಿನ ನರ ಸೇರಿದ ಮೇಲಿನ ದಾರಿಯಲ್ಲಿದೆ. ಇದಕ್ಕೆ ಹೆಮಿಯನೋಪಿಯಾ ಅನ್ನುತ್ತೇವೆ, ನೋಟದ ಅರ್ಧ ಹೋಗೋದು.

ಎಲ್ಲರೂ ಅಂದುಕೊಂಡಿರೋದು ಎಡಗಣ್ಣು ಎಡಗಡೆ ನೋಡುತ್ತೆ, ಬಲಗಣ್ಣು ಬಲಗಡೆ ನೋಡುತ್ತೆ ಅಂತ. ಹಾಗಿಲ್ಲ. ಎರಡು ಕಣ್ಣೂ ಎರಡೂ ಕಡೆ ನೋಡುತ್ತವೆ. ನೀವು ನೇರ ಮುಂದೆ ಒಂದು ಕಂಬ ನೋಡ್ತಾ ಇದ್ದೀರಿ ಅಂದುಕೊಳ್ಳಿ. ಕಂಬದ ಎಡಕ್ಕಿರುವ ದನದ ಬೆಳಕು ಎರಡೂ ಕಣ್ಣಿನ ರೆಟಿನಾದ (ಕಣ್ಣಿನ ಒಳಗೆ ಹಿಂದುಗಡೆ ಬೆಳಕು ಹಿಡಿಯುವ ಪದರ) ಬಲ ಅರ್ಧದ ಮೇಲೆ ಬೀಳುತ್ತೆ, ಯಾಕಂದ್ರೆ ಲೆನ್ಸು ಚಿತ್ರವನ್ನು ತಿರುಗಿಸುತ್ತೆ. ಈಗ ನರದ ಕಥೆ. ಒಂದೊಂದು ಕಣ್ಣಿನಿಂದ ಹತ್ತು ಲಕ್ಷಕ್ಕೂ ಹೆಚ್ಚು ಎಳೆಗಳಿರುವ ಒಂದೊಂದು ನರ ಹೊರಡುತ್ತೆ. ಮೆದುಳಿನ ಬುಡದಲ್ಲಿ ಅವೆರಡೂ ಸೇರುವ ಜಾಗಕ್ಕೆ ಕಯಾಸ್ಮ ಅಂತ ಹೆಸರು. ಅಲ್ಲಿ ಮೂಗಿನ ಕಡೆಯ ಅರ್ಧ ರೆಟಿನಾದಿಂದ ಬಂದ ಎಳೆಗಳು ಆ ಕಡೆಗೆ ದಾಟುತ್ತವೆ, ಕಿವಿ ಕಡೆಯ ಅರ್ಧದವು ದಾಟದೆ ತಮ್ಮ ಕಡೆಯೇ ಉಳಿಯುತ್ತವೆ. ಕೊನೆಗೆ ಏನಾಯಿತು? ಎಡಗಣ್ಣು ನೋಡಿದ ಎಡಗಡೆ, ಬಲಗಣ್ಣು ನೋಡಿದ ಎಡಗಡೆ, ಎರಡೂ ಒಟ್ಟಿಗೆ ಬಲ ಮೆದುಳಿಗೆ ಹೋದವು. ದೊಡ್ಡಪ್ಪನವರಿಗೆ ಪೆಟ್ಟಾಗಿರೋದು ಬಲ ಮೆದುಳಿನ ಹಿಂಭಾಗ. ಹಾಗಾಗಿ ಎರಡೂ ಕಣ್ಣಿನ ಎಡಗಡೆ ಒಟ್ಟಿಗೇ ಹೋಯಿತು.

ಮನೆಯಲ್ಲೇ ಸುಲಭವಾಗಿ ನೋಡಬಹುದು. ಅವರ ಎದುರಿಗೆ ಒಂದು ಮೀಟರ್ ದೂರದಲ್ಲಿ ಕೂತ್ಕೊಳ್ಳಿ. ನಿಮ್ಮ ಮೂಗನ್ನೇ ನೋಡೋಕೆ ಹೇಳಿ. ಒಂದು ಕಣ್ಣು ಮುಚ್ಚಿಸಿ, ನಿಮ್ಮ ಕೈಯನ್ನು ಪಕ್ಕಕ್ಕೆ ಚಾಚಿ ಬೆರಳು ಅಲ್ಲಾಡಿಸುತ್ತ ನಿಧಾನಕ್ಕೆ ಮಧ್ಯಕ್ಕೆ ತನ್ನಿ. ಎಲ್ಲಿ ಕಂಡಿತು ಅಂತ ಹೇಳಲಿ. ಅವರು ಕಣ್ಣು ಸರಿಸದ ಹಾಗೆ ನೋಡಿಕೊಳ್ಳಿ, ಎಲ್ಲರೂ ಮೋಸ ಮಾಡ್ತಾರೆ. ಸರಿಯಾದ ಅಳತೆ ಬೇಕಾದರೆ ಫೀಲ್ಡ್ ಟೆಸ್ಟ್ ಮಾಡಿಸಿ. ಬಟ್ಟಲಿನಂಥ ಮೆಷಿನ್‌ಗೆ ಗಲ್ಲ ಇಟ್ಟು, ಮಧ್ಯದ ದೀಪ ನೋಡ್ತಾ, ಸುತ್ತ ಎಲ್ಲಾದರೂ ಮಿಣುಕು ಬೆಳಕು ಕಂಡರೆ ಬಟನ್ ಒತ್ತಬೇಕು. ರಿಪೋರ್ಟ್‌ನಲ್ಲಿ ಎರಡೂ ಕಣ್ಣಿನ ಚಿತ್ರದ ಎಡ ಅರ್ಧ ಕಪ್ಪಗೆ ಬರುತ್ತೆ.

ಆ ಅಂಗಡಿಯವರ ಬಗ್ಗೆ ಏನೂ ಹೇಳಲ್ಲ. ಅಕ್ಷರದ ಬೋರ್ಡ್ ಓದಿಸಿದರೆ ಇಂಥವರು ಕೊನೆ ಸಾಲಿನವರೆಗೂ ಓದಿಬಿಡ್ತಾರೆ. ಬೋರ್ಡ್ ಮಾತ್ರ ನೋಡಿದರೆ ಸಿಗೋ ಕಾಯಿಲೆ ಅಲ್ಲ ಇದು.

ಪಿಯುಸಿ_ಸೆಕೆಂಡ್_ಇಯರ್

ಮಧ್ಯ ಬಾಯಿ ಹಾಕ್ತಿದ್ದೀನಿ, ಸಾರಿ. ರೆಟಿನಾ ಮೇಲೆ ಚಿತ್ರ ತಲೆಕೆಳಗಾಗಿ ಬೀಳುತ್ತೆ ಅಂತ ನಮ್ಮ ಪುಸ್ತಕದಲ್ಲಿದೆ. ಹಾಗಾದರೆ ಮೆದುಳು ಅದನ್ನ ಎಲ್ಲಿ ನೆಟ್ಟಗೆ ಮಾಡುತ್ತೆ?

ಪಾಠದ_ಮೇಡಂ (ಚಿಕ್ಕಮಗಳೂರು)

ಎಲ್ಲೂ ಮಾಡಲ್ಲ ಮರಿ. ನೆಟ್ಟಗೆ ಮಾಡಬೇಕು ಅಂದ್ರೆ ತಲೆ ಒಳಗೆ ಕೂತು ಆ ಚಿತ್ರ ನೋಡುವ ಇನ್ನೊಬ್ಬ ಮನುಷ್ಯ ಇರಬೇಕಾಗುತ್ತೆ, ಅವನ ತಲೆಯೊಳಗೆ ಮತ್ತೊಬ್ಬ. ರೆಟಿನಾದಲ್ಲಿ ಚಿತ್ರ ತಲೆಕೆಳಗಾಗಿ ಬೀಳುತ್ತೆ ಅಂತ 1604ರಲ್ಲೇ ಕೆಪ್ಲರ್ ಬರೆದ. ಅದನ್ನು ನೆಟ್ಟಗೆ ಮಾಡೋದು ಹೇಗೆ ಅನ್ನೋದು ತನ್ನ ಕೆಲಸ ಅಲ್ಲ ಅಂತ ಬಿಟ್ಟುಬಿಟ್ಟ. ಒಳ್ಳೇ ಬುದ್ಧಿವಂತ. ರೆಟಿನಾದಲ್ಲಿ ಬೆಳಕು ನರದ ಸಂಕೇತ ಆದಮೇಲೆ ಅಲ್ಲಿ ಚಿತ್ರ ಅಂತ ಏನೂ ಉಳಿಯಲ್ಲ. ರೆಟಿನಾದ ಕೆಳಭಾಗದ ಕೋಶ ಮಿಡಿದರೆ "ಮೇಲೆ ಏನೋ ಇದೆ" ಅಂತ ಅರ್ಥ, ಅಷ್ಟೇ. ಕೈ ಹಾಕಿದ ಕಡೆಯೇ ವಸ್ತು ಸಿಕ್ಕರೆ ಲೆಕ್ಕ ಸರಿ.

ಈಗ ತೋಟದ ಮನೆಯವರ ಎರಡನೇ ಪ್ರಶ್ನೆ, ಕತ್ತಲೆ ಯಾಕೆ ಕಾಣಲ್ಲ ಅನ್ನೋದು. ನನಗೆ ಇದೇ ನಿಜವಾದ ಪ್ರಶ್ನೆ ಅನ್ನಿಸುತ್ತೆ. ನಾನು ಫಿಸಿಯಾಲಜಿ ಪಾಠ ಮಾಡಿದವಳು, ನಿವೃತ್ತಿ ಆಗಿದೆ, ಸಮಯ ಇದೆ, ಉದ್ದ ಬರೀತೀನಿ.

ಮೊದಲು ಒಂದು ಪ್ರಯೋಗ ಮಾಡಿ. ಗೆರೆ ಹಾಕಿದ ನೋಟ್‌ಬುಕ್ಕಿನಲ್ಲಿ ಒಂದೇ ಗೆರೆಯ ಮೇಲೆ ಎಡಕ್ಕೊಂದು ಕೂಡಿಸುವ ಗುರುತು, ಅಲ್ಲಿಂದ ಬಲಕ್ಕೆ 8 ಸೆಂ.ಮೀ. ದೂರದಲ್ಲಿ ಒಂದು ದಪ್ಪ ಚುಕ್ಕಿ ಹಾಕಿ. ಎಡಗಣ್ಣು ಮುಚ್ಚಿ. ಬಲಗಣ್ಣಲ್ಲಿ ಕೂಡಿಸುವ ಗುರುತನ್ನೇ ನೋಡ್ತಾ ಪುಸ್ತಕವನ್ನು 30 ಸೆಂ.ಮೀ. ದೂರದಲ್ಲಿ ಹಿಡಿದು ಸ್ವಲ್ಪ ಹಿಂದೆ ಮುಂದೆ ಮಾಡಿ. ಒಂದು ಕಡೆ ಚುಕ್ಕಿ ಮಾಯ ಆಗುತ್ತೆ. ಅಲ್ಲಿ ಕಪ್ಪು ತೂತು ಕಾಣುತ್ತಾ? ಇಲ್ಲ. ಗೆರೆ ಮುಂದುವರಿದ ಹಾಗೆ ಕಾಣುತ್ತೆ! ನರ ಕಣ್ಣಿನಿಂದ ಹೊರಹೋಗುವ ಆ ಜಾಗದಲ್ಲಿ ಬೆಳಕು ಹಿಡಿಯುವ ಕೋಶವೇ ಇಲ್ಲ. ಹುಣ್ಣಿಮೆ ಚಂದ್ರನನ್ನು ಪಕ್ಕಪಕ್ಕ ಹತ್ತು ಇಟ್ಟರೆ ಹಿಡಿಸುವಷ್ಟು ಅಗಲದ ಜಾಗ ಅದು. ಹುಟ್ಟಿದಾಗಿನಿಂದ ನಮ್ಮೆಲ್ಲರಿಗೂ ಇದೆ, ಯಾರಿಗೂ ಗೊತ್ತೇ ಆಗಲ್ಲ. ಸುದ್ದಿ ಬರದ ಕಡೆ ಮೆದುಳು ಕಪ್ಪು ಬಣ್ಣ ಬಳಿಯಲ್ಲ. ಕಪ್ಪು ಕಾಣಬೇಕಾದರೂ "ಇಲ್ಲಿ ಬೆಳಕಿಲ್ಲ" ಅಂತ ಹೇಳುವ ಕೋಶ ಕೆಲಸ ಮಾಡ್ತಿರಬೇಕು. ದೊಡ್ಡಪ್ಪನವರಿಗೆ ಮೆದುಳಿನಲ್ಲಿ ಆ ಕೋಶಗಳೇ ಹೋಗಿವೆ. ನಿಮ್ಮ ತಲೆ ಹಿಂದೆ ಈಗ ಏನು ಕಾಣ್ತಿದೆ ಹೇಳಿ. ಕಪ್ಪಾ? ಏನೂ ಇಲ್ಲ ಅಲ್ವಾ. ಅವರಿಗೆ ಎಡಗಡೆ ಹಾಗೆ. ಅವರು ಸುಳ್ಳು ಹೇಳ್ತಾ ಇಲ್ಲ, ಹಟವೂ ಅಲ್ಲ.

ಇನ್ನು ಮೆದುಳಿನ ಆ ಹಿಂಭಾಗದಲ್ಲಿ ಏನು ನಡೆಯುತ್ತೆ ಅಂತ. ನರದ ಎಳೆಗಳು ಮೊದಲು ಥಲಾಮಸ್ ಅನ್ನುವ ನಡುವಿನ ಭಾಗಕ್ಕೆ ಬಂದು, ಅಲ್ಲಿಂದ ಹಿಂದಲೆಯ ತೊಗಟೆಗೆ ಹೋಗುತ್ತವೆ. ಅದನ್ನು ವಿ-1 ಅಂತಾರೆ. ಅಲ್ಲಿ ನೋಟದ ನಕ್ಷೆಯೇ ಇದೆ, ಪಕ್ಕಪಕ್ಕದ ಜಾಗ ಪಕ್ಕಪಕ್ಕದ ಕೋಶಕ್ಕೆ. ಆದರೆ ಪಾಲು ಸಮ ಇಲ್ಲ. ನೋಟದ ನಟ್ಟನಡುವಿನ ಪುಟ್ಟ ಭಾಗವೇ ವಿ-1ರ ಅರ್ಧದಷ್ಟನ್ನು ತಿಂದುಬಿಡುತ್ತೆ. ಕೈ ಚಾಚಿ ಹೆಬ್ಬೆರಳಿನ ಉಗುರು ನೋಡಿ, ನಿಮಗೆ ನಿಜವಾಗಿ ಚೂಪಾಗಿ ಕಾಣೋದು ಹೆಚ್ಚುಕಡಿಮೆ ಅಷ್ಟೇ ಜಾಗ. ಉಳಿದದ್ದೆಲ್ಲ ಮಸುಕು. ಕಣ್ಣು ಸೆಕೆಂಡಿಗೆ ಮೂರು ಸಲ ಜಿಗಿದು ಜಿಗಿದು ನೋಡ್ತಾ ಇರೋದ್ರಿಂದ ಎಲ್ಲ ಚೂಪಾಗಿದೆ ಅನ್ನಿಸುತ್ತೆ.

ಈ ನಕ್ಷೆ ಸಿಕ್ಕಿದ್ದು ಯುದ್ಧದಿಂದ. 1904-05ರ ರಷ್ಯಾ-ಜಪಾನ್ ಯುದ್ಧದಲ್ಲಿ ತಲೆಗೆ ಗುಂಡು ಬಿದ್ದೂ ಬದುಕಿದ ಜಪಾನಿ ಸೈನಿಕರನ್ನು ತಾತ್ಸುಜಿ ಇನೌಯೆ ಅನ್ನುವ ಕಣ್ಣಿನ ಡಾಕ್ಟರು ಪರೀಕ್ಷೆ ಮಾಡಿದರು. ರಷ್ಯದ ಹೊಸ ರೈಫಲ್ಲಿನ ಸಣ್ಣ ಗುಂಡು ಒಂದು ಕಡೆ ಹೊಕ್ಕು ಇನ್ನೊಂದು ಕಡೆ ನೇರ ಹೊರಗೆ ಬರುತ್ತಿತ್ತು. ಎರಡು ತೂತಿನ ನಡುವೆ ಗೆರೆ ಎಳೆದರೆ ಒಳಗೆ ಎಲ್ಲಿ ಪೆಟ್ಟಾಗಿದೆ ಅಂತ ಗೊತ್ತಾಗುತ್ತಿತ್ತು. ಯಾರಿಗೆ ನೋಟದ ಯಾವ ಮೂಲೆ ಹೋಗಿದೆ ಅಂತ ಅದರ ಜೊತೆ ತಾಳೆ ಹಾಕಿ 1909ರಲ್ಲಿ ಪ್ರಕಟಿಸಿದರು. ಪಿಂಚಣಿಗೆ ಅಂಗವಿಕಲತೆ ಅಳೆಯೋದು ಅವರ ನೌಕರಿ. ಸಿಕ್ಕಿದ್ದು ಮೆದುಳಿನ ನಕ್ಷೆ.

ಆ ಕೋಶಗಳು ಒಂದೊಂದೂ ಏನು ಮಾಡುತ್ತವೆ ಅಂತ ತೋರಿಸಿದವರು ಹ್ಯೂಬೆಲ್ ಮತ್ತು ವೀಸೆಲ್ ಅನ್ನುವ ಇಬ್ಬರು ವಿಜ್ಞಾನಿಗಳು. ಬೆಕ್ಕಿನ ಮೆದುಳಿನ ಒಂದೊಂದೇ ಕೋಶಕ್ಕೆ ಸೂಜಿ ಇಟ್ಟು, ಕಣ್ಣಿಗೆ ಚುಕ್ಕಿಗಳನ್ನು ತೋರಿಸುತ್ತಿದ್ದರು. ಕೋಶ ಜಪ್ಪಯ್ಯ ಅನ್ನಲಿಲ್ಲ. ಒಂದು ಸಲ ಗಾಜಿನ ಸ್ಲೈಡ್ ತುರುಕುವಾಗ ಅದರ ಅಂಚಿನ ಸಣ್ಣ ನೆರಳು ಪರದೆ ಮೇಲೆ ಓರೆಯಾಗಿ ಸರಿದಾಗ ಕೋಶ ಪಟಪಟ ಅಂತ ಮಿಡಿಯಿತು. ಅದಕ್ಕೆ ಬೇಕಾಗಿದ್ದು ಚುಕ್ಕಿ ಅಲ್ಲ, ಒಂದು ನಿರ್ದಿಷ್ಟ ಓರೆಯ ಗೆರೆ. ಪಕ್ಕದ ಕೋಶಕ್ಕೆ ಇನ್ನೊಂದು ಓರೆ. 1981ರಲ್ಲಿ ಇಬ್ಬರಿಗೂ ನೊಬೆಲ್ ಬಂತು. ಅಂದರೆ ವಿ-1ರಲ್ಲಿ ಅಂಚು, ಗೆರೆಗಳ ಕೆಲಸ. ಅಲ್ಲಿಂದ ಮುಂದೆ ಎರಡು ದಾರಿ. ಕೆಳಗೆ ಕಿವಿ ಕಡೆಗೆ ಹೋಗುವುದು "ಇದು ಏನು, ಯಾರ ಮುಖ" ಅಂತ ಗುರುತಿಸುತ್ತೆ. ಮೇಲೆ ನೆತ್ತಿ ಕಡೆಗೆ ಹೋಗುವುದು "ಎಲ್ಲಿದೆ, ಕೈ ಹೇಗೆ ಚಾಚಲಿ" ಅಂತ ನೋಡಿಕೊಳ್ಳುತ್ತೆ. ಚಲನೆಗೇ ಬೇರೆ ಜಾಗ ಇದೆ. ಜರ್ಮನಿಯ ಒಬ್ಬ ಮಹಿಳೆಗೆ ಆ ಜಾಗ ಎರಡೂ ಕಡೆ ಹಾಳಾಗಿತ್ತು, 1983ರಲ್ಲಿ ಅವರ ವಿಷಯ ಪ್ರಕಟವಾಯಿತು. ಬಣ್ಣ, ಆಕಾರ ಎಲ್ಲ ಕಾಣುತ್ತಿತ್ತು, ಆದರೆ ಬಗ್ಗಿಸುವಾಗ ಟೀ ಹೆಪ್ಪುಗಟ್ಟಿದ ಹಾಗೆ ನಿಂತಿರುತ್ತಿತ್ತು, ಕಪ್ ತುಂಬಿದ್ದು ಗೊತ್ತಾಗುತ್ತಿರಲಿಲ್ಲ.

ಇನ್ನೊಂದು ಹೇಳಲೇಬೇಕು. ಥಲಾಮಸ್‌ಗೆ ಕಣ್ಣಿನಿಂದ ಬರುವ ಸಂಪರ್ಕಗಳಿಗಿಂತ ಮೆದುಳಿನ ತೊಗಟೆಯಿಂದ ವಾಪಸ್ ಬರುವ ಸಂಪರ್ಕಗಳೇ ಜಾಸ್ತಿ. ಹೀಗೆ ವಾಪಸ್ ಬರುವುದರಲ್ಲಿ ಮೆದುಳಿನ ಊಹೆಯೂ ಸೇರಿರುತ್ತೆ ಅಂತ ಈಗ ಬಹಳ ಜನ ನಂಬುತ್ತಾರೆ. ಕೊಟ್ಟಿಗೆಹಾರದ ಮಂಜಿನಲ್ಲಿ ಗಾಡಿ ಓಡಿಸಿದವರಿಗೆ ಗೊತ್ತಿರುತ್ತೆ, ಮೈಲಿಗಲ್ಲು ಕಂಬಳಿ ಹೊದ್ದು ಕೂತ ಮನುಷ್ಯನ ಹಾಗೆ ಕಾಣುತ್ತೆ, ಹತ್ತಿರ ಹೋದ ಮೇಲೇ ಕಲ್ಲು. ಮೊದಲು ನೋಡಿದ್ದೂ ನೋಟವೇ, ಊಹೆ ಕೆಟ್ಟದಾಗಿತ್ತು ಅಷ್ಟೇ.

ಈಗ ಅಸಲು ವಿಷಯ. ಉಪ್ಪಿನ ಕಥೆ ಕೇಳಿ ನನಗೆ ಇನ್ನೊಂದು ಅನುಮಾನ ಇದೆ. ಹೆಮಿಯನೋಪಿಯಾ ಒಂದು. ನೆಗ್ಲೆಕ್ಟ್ ಅಂತ ಇನ್ನೊಂದಿದೆ, ಬಲ ಮೆದುಳಿನ ನೆತ್ತಿಯ ಕಡೆ ಪೆಟ್ಟಾದರೆ ಬರುತ್ತೆ. ಅದರಲ್ಲಿ ಎಡಗಡೆ ಅನ್ನೋದರ ಕಡೆಗೇ ಗಮನ ಹೋಗಲ್ಲ. ಎಡಗೆನ್ನೆ ಶೇವ್ ಮಾಡಲ್ಲ, ನೆನಪಿನಲ್ಲೂ ಎಡಗಡೆ ಬಿಟ್ಟುಹೋಗುತ್ತೆ. 1978ರಲ್ಲಿ ಮಿಲಾನ್‌ನಲ್ಲಿ ಇಂಥ ರೋಗಿಗಳಿಗೆ ತಮ್ಮೂರಿನ ಚೌಕದಲ್ಲಿ ಚರ್ಚಿನ ಎದುರು ನಿಂತ ಹಾಗೆ ಕಲ್ಪಿಸಿಕೊಂಡು ಸುತ್ತ ಏನಿದೆ ಹೇಳಿ ಅಂದರು. ಬಲಗಡೆಯದ್ದೇ ಹೇಳಿದರು. ಈಗ ಎದುರು ತುದಿಯಿಂದ ತಿರುಗಿ ನಿಂತ ಹಾಗೆ ಅಂದಾಗ ಮೊದಲು ಬಿಟ್ಟಿದ್ದನ್ನೇ ಹೇಳಿದರು, ಮೊದಲು ಹೇಳಿದ್ದನ್ನು ಬಿಟ್ಟರು!

ನೀವು ಹೀಗೆ ಮಾಡಿ. 20 ಸೆಂ.ಮೀ. ಅಡ್ಡ ಗೆರೆ ಎಳೆದು ನಟ್ಟನಡುವೆ ಗುರುತು ಹಾಕೋಕೆ ಕೊಡಿ. ಗುರುತು ತುಂಬಾ ಬಲಕ್ಕೆ ಹೋದರೆ ನೆಗ್ಲೆಕ್ಟ್ ಕಡೆ. ನಡುವಿಗೆ ಅಥವಾ ಸ್ವಲ್ಪ ಎಡಕ್ಕೆ ಬಿದ್ದರೆ ಹೆಮಿಯನೋಪಿಯಾ ಕಡೆ. ಜೊತೆಗೆ ಬೇಲೂರು ದೇವಸ್ಥಾನ ಅವರಿಗೆ ಗೊತ್ತಿರುತ್ತಲ್ಲ, ಗೋಪುರ ದಾಟಿ ಒಳಗೆ ಬಂದು ದೇವರ ಕಡೆ ಮುಖ ಮಾಡಿ ನಿಂತಿದ್ದೀರಿ, ಸುತ್ತ ಏನೇನಿದೆ ಅಂತ ಕೇಳಿ. ಕಲ್ಯಾಣಿ ಬಲಕ್ಕೆ, ಕಪ್ಪೆ ಚೆನ್ನಿಗರಾಯನ ಗುಡಿ ಎಡಕ್ಕೆ. ಇದೆಲ್ಲ ಡಾಕ್ಟರ ಪರೀಕ್ಷೆಗೆ ಬದಲು ಅಲ್ಲ, ಹೋಗುವಾಗ ಹೇಳೋಕೆ ನಿಮ್ಮ ಹತ್ತಿರ ಏನಾದರೂ ಇರಲಿ ಅಂತ.

ಗುಡ್ಡದ_ಗಾಳಿ

ಮೇಡಂ, ನನ್ನ ಗ್ಲುಕೋಮಾ ವಾಪಸ್ ತಗೊಂಡೆ 😀 ನೋಟ್‌ಬುಕ್ ಪ್ರಯೋಗ ಮಾಡಿದೆ, ಚುಕ್ಕಿ ನಿಜವಾಗ್ಲೂ ಹೋಯ್ತು. ಮಗಳು ಬಿಡ್ತಾನೇ ಇಲ್ಲ, ಮನೆಯವರಿಗೆಲ್ಲ ಮಾಡಿಸ್ತಿದ್ದಾಳೆ.

ತೋಟದ_ಮನೆ

ಮೇಡಂ, ಸರ್, ಇಬ್ಬರಿಗೂ ತುಂಬಾ ಥ್ಯಾಂಕ್ಸ್. ಎಲ್ಲ ಮಾಡಿಸಿದೆ. ಬೆರಳಿನ ಪರೀಕ್ಷೆಯಲ್ಲಿ ಎರಡೂ ಕಣ್ಣಿಗೆ ಎಡಗಡೆಯಿಂದ ಬಂದ ಬೆರಳು ಮೂಗಿನ ನೇರಕ್ಕೆ ಬರುವವರೆಗೂ ಕಾಣಲಿಲ್ಲ. ಗೆರೆಯ ಗುರುತು ನಡುವಿನಿಂದ ಒಂಚೂರು ಎಡಕ್ಕೆ ಬಿತ್ತು. ಬೇಲೂರು ಕೇಳಿದರೆ ಕಪ್ಪೆ ಚೆನ್ನಿಗರಾಯನನ್ನೇ ಮೊದಲು ಹೇಳಿದರು, ಜೊತೆಗೆ ಚಪ್ಪಲಿ ಕಳೆದುಕೊಂಡ ಕಥೆಯನ್ನೂ. ಶೇವಿಂಗ್ ಸರಿಯಾಗೇ ಮಾಡ್ಕೋತಾರೆ.

ಒಂದು ಡೌಟು. ಮೊನ್ನೆ ಗೇಟಿನ ಹತ್ತಿರ ಎಡಗಡೆಯಿಂದ ಒಬ್ಬ ಬೈಕಿನವನು ಬಂದ. ಇವರು ತಿರುಗಿ ನೋಡದೆ ಸರಕ್ಕನೆ ಹಿಂದೆ ಸರಿದರು. ಕಾಣಲ್ಲ ಅಂದ ಮೇಲೆ ಹೇಗೆ?

ಪಾಠದ_ಮೇಡಂ

ಚಪ್ಪಲಿ ಕಥೆ ಬಂತಲ್ಲ, ನೆನಪು ಗಟ್ಟಿ ಇದೆ ಬಿಡಿ. ನೆಗ್ಲೆಕ್ಟ್ ಇದ್ದ ಹಾಗೆ ಕಾಣಲ್ಲ.

ಬೈಕಿನ ವಿಷಯ. ಕಣ್ಣಿನ ಎಲ್ಲ ಎಳೆಗಳೂ ವಿ-1ಕ್ಕೆ ಹೋಗಲ್ಲ. ಸ್ವಲ್ಪ ಭಾಗ ನಡುಮೆದುಳಿಗೆ ಹೋಗುತ್ತೆ, ಅದು ಹಳೇ ದಾರಿ, ಕಪ್ಪೆಗಳಿಗೆ, ಮೀನುಗಳಿಗೆ ಅದೇ ಮುಖ್ಯ. ವಿ-1 ಹಾಳಾದ ಕೆಲವರು "ನಂಗೆ ಏನೂ ಕಾಣಲ್ಲ" ಅಂತಲೇ ಬೆಳಕು ಎಲ್ಲಿ ಮಿನುಗಿತು ಅಂತ ಸರಿಯಾಗಿ ಬೆರಳು ತೋರಿಸುತ್ತಾರೆ. 1970ರ ದಶಕದಲ್ಲಿ ಇಂಗ್ಲೆಂಡಿನ ವೈಸ್‌ಕ್ರಾಂಟ್ಸ್ ಅನ್ನುವ ವಿಜ್ಞಾನಿ ಇದನ್ನು ಪರೀಕ್ಷಿಸಿ ಬ್ಲೈಂಡ್‌ಸೈಟ್ ಅಂತ ಹೆಸರಿಟ್ಟರು. ಅವರ ರೋಗಿ ಸುಮ್ನೆ ಊಹಿಸ್ತಿದ್ದೀನಿ ಅಂತಲೇ ಹೇಳುತ್ತಿದ್ದ, ಊಹೆ ಮಾತ್ರ ಸರಿ ಬರುತ್ತಿತ್ತು.

ಕನ್ನಡಕ_ಹಾಸನ

ಮೇಡಂ, ಒಪ್ಪುತ್ತೀನಿ, ಆದ್ರೆ ಬೈಕಿಗೆ ಸದ್ದು ಇರುತ್ತಲ್ವಾ? ಮುಕ್ಕಾಲು ಪಾಲು ಕಿವಿ ಕೇಳಿಯೇ ಸರಿದಿರುತ್ತಾರೆ. ಮನೆಯವರು "ಎಡಗಡೆ ಸ್ವಲ್ಪ ಕಾಣುತ್ತೆ" ಅಂತ ಧೈರ್ಯ ತಗೊಂಡುಬಿಟ್ಟರೆ ಕಷ್ಟ.

ಪಾಠದ_ಮೇಡಂ

ಸರಿಯಾದ ಮಾತು. ಸದ್ದಿಲ್ಲದ ಸೈಕಲ್ ಆಗಿದ್ದರೆ ನಾನೂ ಕುತೂಹಲ ಪಡುತ್ತಿದ್ದೆ.

ಅರಸೀಕೆರೆ_ತೆಂಗು

ನಮ್ಮ ಸೋದರತ್ತೆಗೆ ಇದೇ ಆಗಿತ್ತು. ಥಿಯರಿ ನಂಗೆ ಗೊತ್ತಿಲ್ಲ, ಮಾಡಿದ್ದು ಹೇಳ್ತೀನಿ.

ಪೇಪರ್ ಓದುವಾಗ ಒಂದು ಸಾಲು ಮುಗಿಸಿ ಮುಂದಿನ ಸಾಲಿನ ಶುರು ಹುಡುಕೋಕೆ ಆಗ್ತಿರಲಿಲ್ಲ, ನಡುವಿನಿಂದ ಓದಿ ಅರ್ಥ ಆಗಲ್ಲ ಅಂತ ಪೇಪರ್ ಎಸೀತಿದ್ರು. ಥೆರಪಿ ಹೇಳಿಕೊಟ್ಟವರು ಕಾಲಮ್ಮಿನ ಎಡ ಅಂಚಿಗೆ ಉದ್ದಕ್ಕೆ ಕೆಂಪು ಸ್ಕೆಚ್ ಪೆನ್ನಲ್ಲಿ ಗೆರೆ ಎಳೆಯೋಕೆ ಹೇಳಿದರು. ಪ್ರತಿ ಸಾಲಿಗೂ ಕೆಂಪು ಗೆರೆ ಸಿಗುವ ತನಕ ಕಣ್ಣು ಎಡಕ್ಕೆ ತರಬೇಕು. ಮೊದಮೊದಲು ಬೆರಳು ಇಟ್ಟುಕೊಂಡು. ಆಮೇಲೆ ಪೂರ್ತಿ ಪುಟ ಓದೋ ಹಾಗಾಯಿತು. ರೂಮಿಗೆ ಕಾಲಿಡುವ ಮುಂಚೆ ತಲೆ ಪೂರ್ತಿ ಎಡಕ್ಕೆ ತಿರುಗಿಸಿ ನೋಡೋದು ಅಭ್ಯಾಸ ಮಾಡಿಸಿ, ಸುಮ್ನೆ ಕಣ್ಣು ಅಲ್ಲ, ತಲೆ. ಊಟಕ್ಕೆ ಕೂತಾಗ ಎಲ್ಲ ಬಲಗಡೆಗೆ ಇಟ್ಟುಕೊಡಬೇಡಿ ಅಂತಲೂ ಹೇಳಿದ್ರು, ಹುಡುಕಿ ತಗೊಳ್ಳಲಿ ಅಂತ. ಉಪ್ಪು ಎಡಕ್ಕೇ ಇರಲಿ, ಬೈದರೂ ಪರವಾಗಿಲ್ಲ.

ಕನ್ನಡಕ_ಹಾಸನ

ಚೆನ್ನಾಗಿ ಹೇಳಿದಿರಿ. ನಾವು ಹೇಳಿಕೊಡೋದೂ ಇದನ್ನೇ. ಹೋದ ನೋಟ ತಾನಾಗೇ ವಾಪಸ್ ಬರೋದಿದ್ದರೆ ಹೆಚ್ಚಾಗಿ ಮೊದಲ ಮೂರು ತಿಂಗಳಲ್ಲಿ ಬರುತ್ತೆ, ಆರು ತಿಂಗಳಾದ ಮೇಲೆ ಆಸೆ ಕಡಿಮೆ. ಆಮೇಲೆ ಉಳಿದಿರೋದು ಈ ತಲೆ ತಿರುಗಿಸುವ ಅಭ್ಯಾಸ. ಕೆಲವರಿಗೆ ಕನ್ನಡಕದ ಮೇಲೆ ಪ್ರಿಸಂ ಅಂಟಿಸಿ ಕಾಣದ ಕಡೆಯದ್ದನ್ನು ಸ್ವಲ್ಪ ಕಾಣುವ ಕಡೆಗೆ ತರುತ್ತೇವೆ, ಎಲ್ಲರಿಗೂ ಒಗ್ಗಲ್ಲ.

ಓದುತ್ತಿರುವ ಉಳಿದವರಿಗೂ ಒಂದು ಮಾತು. ಬಾಯಿ ಸೊಟ್ಟ ಆಗದೆ, ಕೈಕಾಲು ಬೀಳದೆ, ಬರೀ ನೋಟ ಇದ್ದಕ್ಕಿದ್ದ ಹಾಗೆ ಅರ್ಧ ಹೋದರೂ ಅದು ಸ್ಟ್ರೋಕ್ ಇರಬಹುದು. ಪಾನಕ ಕುಡಿದು ಮಲಗಬೇಡಿ. ಹೆಪ್ಪು ಕರಗಿಸುವ ಇಂಜೆಕ್ಷನ್ ಕೊಡೋದು ಸಾಮಾನ್ಯವಾಗಿ ನಾಲ್ಕೂವರೆ ಗಂಟೆ ಒಳಗೆ. ಘಾಟಿ ಊರುಗಳಿಂದ ದೊಡ್ಡ ಆಸ್ಪತ್ರೆಗೆ ಬರೋಕೇ ಎಷ್ಟು ಹೊತ್ತು ಬೇಕು ಅಂತ ನಿಮಗೇ ಗೊತ್ತು.

ತೋಟದ_ಮನೆ

ಕೆಂಪು ಗೆರೆ ಇವತ್ತೇ ಶುರು ಮಾಡ್ತೀನಿ. ಫೀಲ್ಡ್ ಟೆಸ್ಟಿಗೆ ಹಾಸನಕ್ಕೆ ಕರ್ಕೊಂಡು ಬರ್ತೀನಿ. ಕೊನೇದಾಗಿ ಒಂದು, ಮನೆಯಲ್ಲಿ ದಿನಾ ಜಗಳ ಇದೇ. ದೊಡ್ಡಪ್ಪ ಜೀಪು ಕೇಳ್ತಾರೆ. ತೋಟದೊಳಗೆ ಮಾತ್ರ ಅಂತಾರೆ. ಕೊಡಬಹುದಾ?

ಕನ್ನಡಕ_ಹಾಸನ

ಬೇಡ. ತೋಟದೊಳಗೂ ಬೇಡ. ನಾವು ರಸ್ತೆಯ ಎಡಕ್ಕೆ ಓಡಿಸೋದು, ನಡೆದು ಹೋಗುವವರು, ದನ, ಸೈಕಲ್ಲು ಎಲ್ಲ ಎಡ ಅಂಚಲ್ಲೇ ಇರುತ್ತೆ. ಅವರಿಗೆ ಹೋಗಿರೋದೂ ಅದೇ ಕಡೆ. ತೋಟದಲ್ಲಿ ಹಣ್ಣು ಕುಯ್ಯುವವರು ಗಿಡದ ಮರೆಯಲ್ಲಿ ಬಗ್ಗಿರ್ತಾರೆ. ನಿಧಾನ ಓಡಿಸ್ತೀನಿ ಅಂದರೂ ಕಾಣದ್ದು ಕಾಣಲ್ಲ, ಕಾಣ್ತಿಲ್ಲ ಅನ್ನೋದೂ ಅವರಿಗೆ ಗೊತ್ತಾಗಲ್ಲ. ಕೀಲಿ ನಿಮ್ಮ ಹತ್ತಿರ ಇರಲಿ. ನೀವು ಹೇಳಿದರೆ ಕೇಳದಿದ್ದರೆ ಟೆಸ್ಟ್ ದಿನ ರಿಪೋರ್ಟ್ ತೋರಿಸಿ ನಾನೇ ಹೇಳ್ತೀನಿ. ಬರುವಾಗ ಹಳೇ ಸ್ಕ್ಯಾನ್ ಫಿಲಂ ಮತ್ತು ಮಾತ್ರೆ ಚೀಟಿ ಮರೆಯದೆ ತನ್ನಿ.